ಗಂಗಾಂಬಿಕೆಯ ಕಬ್ಬಿಣದ ಪೈಲ್ವಾನ

ನಾನು ಒಂದು ವಿಡಿಯೋ ಗೇಮಿನ ಡಿಸ್ಕ್. ರೋಬೋಟುಗಳು ಬಾಕ್ಸಿಂಗ್ ಆಡುವ ಒಂದು ಸಿನಿಮಾ ತೆರೆಗೆ ಬರುವಷ್ಟರಲ್ಲಿ ನಾನೂ ಅಂಗಡಿಯಲ್ಲಿರಬೇಕೆಂದು ಗಡಿಬಿಡಿಯಲ್ಲಿ ನನ್ನನ್ನು ತಯಾರಿಸಿದರು. ಹಾಗಾಗಿ ನನ್ನ ರೋಬೋಟುಗಳ ಮುಖ ನೆಟ್ಟಗಾಗಲೇ ಇಲ್ಲ. ಸಿನಿಮಾವನ್ನು ಜನ ಮರೆತರು. ನನ್ನನ್ನು ಮರೆಯಲು ಯಾರಿಗೂ ನೆನಪೇ ಇರಲಿಲ್ಲ.

ಯಾರ್‍ಯಾರದೋ ಕೈ ದಾಟಿ ಬಾಗಲಕೋಟೆಯ ಸಂಗನಬಸವನ ಗೇಮ್ ಪಾರ್ಲರಿಗೆ ಬಂದೆ, ಅದೂ ಕ್ರಿಕೆಟ್ ಡಿಸ್ಕಿನ ಜೊತೆ ಪುಕ್ಕಟೆಯಾಗಿ. ಎಲ್ಲರೂ ಕ್ರಿಕೆಟ್ಟಿಗೇ ಮುಗಿಬೀಳುತ್ತಿದ್ದರು. ಸುಳ್ಳೇಕೆ ಹೇಳಲಿ, ನನಗೆ ಹೊಟ್ಟೆ ಉರಿಯುತ್ತಿತ್ತು.

ಸಂಗನಬಸವನ ತಂಗಿ ಗಂಗಾಂಬಿಕೆಗೆ ಕಣ್ಣು ಕಾಣದು. ಬೆಳಿಗ್ಗೆ ಕಂಟ್ರೋಲರುಗಳನ್ನು ಒರೆಸಿ, ಆಮೇಲೆ ಗಲ್ಲಾಪೆಟ್ಟಿಗೆಯ ಹತ್ತಿರ ಕೂರುವುದು ಅವಳ ಕೆಲಸ. ಗೆದ್ದವರು ಕುರ್ಚಿಯಲ್ಲಿ ಕೂರಬೇಕು, ಸೋತವರು ಏಳಬೇಕು, ಇದು ಪಾರ್ಲರಿನ ಕಾನೂನು. ಒಮ್ಮೆಯಾದರೂ ಆ ಕುರ್ಚಿಯಲ್ಲಿ ಕೂರಬೇಕೆಂದು ಅವಳಿಗೆ ಬಲು ಆಸೆ. ಕೇಳಿದಾಗಲೆಲ್ಲ ಅಣ್ಣ, ಜನ ನಗುತ್ತಾರೆ ಬೇಡ ಎನ್ನುತ್ತಿದ್ದ. ಅವನದು ಪ್ರೀತಿಯೇ, ಆದರೆ ಕಟ್ಟಿಹಾಕುವ ಪ್ರೀತಿ.

ಒಂದು ಸಂಜೆ ಕ್ರಿಕೆಟ್ ಡಿಸ್ಕ್ ಕೈಕೊಟ್ಟಿತು. ಬೇರೆ ಗತಿಯಿಲ್ಲದೆ ನನ್ನನ್ನು ಹಾಕಿದರು. ಕಾಲೇಜಿನ ಚಿದಾನಂದ ನನ್ನನ್ನು ಬೈಯುತ್ತಲೇ ಒಬ್ಬೊಬ್ಬರನ್ನಾಗಿ ಸೋಲಿಸಿ ಎಬ್ಬಿಸಿದ. ಗಂಗಾಂಬಿಕೆ ಕಿವಿಗೊಟ್ಟು ಕೂತಿದ್ದಳು. ನನ್ನ ರೋಬೋಟು ಎಡಗೈ ಎತ್ತಿದರೆ ಕೀಲು ಕಿರ್ ಎನ್ನುತ್ತದೆ, ಬಲಗೈ ಎತ್ತಿದರೆ ಗುಂಯ್ ಎನ್ನುತ್ತದೆ. ಏಟು ಬೀಳುವುದು ಆಮೇಲೆ. ನನ್ನಲ್ಲಿ ಚೆನ್ನಾಗಿದ್ದದ್ದು ಆ ಸದ್ದೊಂದೇ, ಅದನ್ನು ಗಮನಿಸಿದವಳು ಅವಳೊಬ್ಬಳೇ.

ಎದ್ದು ಬಂದು ಚಿದಾನಂದನ ಪಕ್ಕ ಖಾಲಿಯಾದ ಕುರ್ಚಿ ಹಿಡಿದಳು. ಅಣ್ಣ ತಡೆಯಲು ಓಡಿಬಂದ.

"ಸೋತ್ರ ಏಳತೀನಿ ಅಣ್ಣಾ," ಎಂದಳು. "ಎಲ್ಲಾರೂ ಏಳೂಹಂಗ."

ಮೊದಲ ಸುತ್ತಿನಲ್ಲಿ ಚೆನ್ನಾಗಿ ಏಟು ತಿಂದಳು. ದಿನಾ ಒರೆಸುತ್ತಿದ್ದ ಗುಂಡಿಗಳೇ ಆದರೂ ಯಾವುದು ಏನು ಮಾಡುತ್ತದೆಂದು ತಿಳಿಯಬೇಕಲ್ಲ. ಎರಡನೆಯದರಲ್ಲಿ ಚಿದಾನಂದನ ಒಂದು ಏಟೂ ತಾಗಲಿಲ್ಲ. ಕಿರ್ ಎಂದರೆ ಅವಳು ಈಚೆ, ಗುಂಯ್ ಎಂದರೆ ಆಚೆ. ಅವನಿಗೆ ಗುಟ್ಟು ಹೊಳೆಯಿತು. ಸೌಂಡ್ ಕಡಿಮೆ ಮಾಡಿರೆಂದು ಕೂಗಿದ.

ಸಂಗನಬಸವ ರಿಮೋಟು ತೆಗೆದುಕೊಂಡ. ತಂಗಿಯ ಮುಖವನ್ನೇ ಸ್ವಲ್ಪ ಹೊತ್ತು ನೋಡಿದ. ಆಮೇಲೆ ಸೌಂಡ್ ಪೂರ್ತಿ ಏರಿಸಿದ.

ನಾನು ಜೀವಮಾನದಲ್ಲಿ ಅಷ್ಟು ಜೋರಾಗಿ ಗರ್ಜಿಸಿದ್ದಿಲ್ಲ. ಮೂರನೆಯ ಸುತ್ತಿನಲ್ಲಿ ಚಿದಾನಂದನ ರೋಬೋಟು ಧಡಾರನೆ ಮಲಗಿತು. ಅವನು ಎದ್ದು ಸರದಿಯ ಕೊನೆಗೆ ಹೋಗಿ ನಿಂತ.

ಈಗ ನನಗೆ ಮೈಯೆಲ್ಲ ಗೀರು, ಯಾವ ಯಂತ್ರವೂ ನನ್ನನ್ನು ಓದುವುದಿಲ್ಲ. ಗಂಗಾಂಬಿಕೆಯ ಟ್ರಂಕಿನಲ್ಲಿ ಸೀರೆಗಳ ನಡುವೆ ಹಾಯಾಗಿದ್ದೇನೆ. ಲಕ್ಷ ಜನ ಆಡಿದ ಆಟಗಳಿರಬಹುದು, ಇರಲಿ ಬಿಡಿ. ಆ ಸಂಜೆ ಅಂಗಡಿ ಮುಚ್ಚುವವರೆಗೂ ಅವಳನ್ನು ಕುರ್ಚಿಯಿಂದ ಎಬ್ಬಿಸಲು ಯಾರಿಂದಲೂ ಆಗಲಿಲ್ಲ.