ಅಧ್ಯಕ್ಷರ ರುಜು

ಅಮೆರಿಕದ ಅಧ್ಯಕ್ಷ ಮೆರಿಲ್ ಹ್ಯಾನ್ಲಿಯ ರುಜುವನ್ನು ಮೆರಿಲ್ ಹ್ಯಾನ್ಲಿಗಿಂತ ಚೆನ್ನಾಗಿ ಹಾಕುತ್ತಿದ್ದವಳು ವರ್ನಾ ಲಿಂಡ್‌ಕ್ವಿಸ್ಟ್. ಇದು ಜಂಬದ ಮಾತಲ್ಲ, ಅಧ್ಯಕ್ಷರೇ ಒಪ್ಪಿಕೊಂಡ ಮಾತು. ಶ್ವೇತಭವನದಿಂದ ದಿನಕ್ಕೆ ನಾನೂರು ಐನೂರು ಕಾಗದ ಹೊರಡುತ್ತಿದ್ದವು. ಅಷ್ಟಕ್ಕೂ ತಾವೇ ರುಜು ಹಾಕುತ್ತ ಕೂತರೆ ದೇಶ ಆಳುವವರು ಯಾರು? ಅದಕ್ಕೇ ಹಿಂದಿನ ಕೋಣೆಯೊಂದರಲ್ಲಿ, ಕಿಟಕಿಗೆ ಬೆನ್ನು ಹಾಕಿಕೊಂಡು ವರ್ನಾ ಕೂತಿರುತ್ತಿದ್ದಳು. ನೂರು ವರ್ಷ ತುಂಬಿದ ಅಜ್ಜಿಯರಿಗೆ, ಮೊಲ ಸಾಕಿ ಬಹುಮಾನ ಗೆದ್ದ ಹುಡುಗಿಯರಿಗೆ, ಕೊರಿಯಾ ಯುದ್ಧದಲ್ಲಿ ಮಗನನ್ನು ಕಳೆದುಕೊಂಡ ತಾಯಂದಿರಿಗೆ, ಎಲ್ಲರಿಗೂ ಅಧ್ಯಕ್ಷರ ಪ್ರೀತಿಯೂ ದುಃಖವೂ ಅವಳ ಪೆನ್ನಿನಿಂದಲೇ ಹೋಗುತ್ತಿತ್ತು.

ಇದು ಶುರುವಾದದ್ದು ನೆಬ್ರಾಸ್ಕಾದಲ್ಲಿ. ಹ್ಯಾನ್ಲಿ ಆಗ ಬರೀ ಸರ್ಕಾರಿ ವಕೀಲ, ಮೊದಲ ಸಲ ಚುನಾವಣೆಗೆ ನಿಂತಿದ್ದರು. ಮತದಾನಕ್ಕೆ ಎರಡು ವಾರ ಇರುವಾಗ ಕಾರಿನ ಬಾಗಿಲಿಗೆ ಬಲಗೈ ಸಿಕ್ಕಿಕೊಂಡಿತು. ರೈತರಿಗೆ ಹೋಗಬೇಕಾದ ಮೂರು ಸಾವಿರ ಕಾಗದ ಮೇಜಿನ ಮೇಲೆ ಹಾಗೇ ಬಿದ್ದಿದ್ದವು. ಅವರ ಹತ್ತಿರ ಟೈಪಿಸ್ಟ್ ಆಗಿದ್ದ ವರ್ನಾ, ಯಾರೂ ಹೇಳದೆಯೇ ಒಂದು ಹಳೆಯ ರುಜು ಮುಂದಿಟ್ಟುಕೊಂಡು ಅಭ್ಯಾಸ ಮಾಡಿದಳು. ಮರುದಿನ ಎರಡು ಕಾಗದ ಅವರ ಕೈಗೆ ಕೊಟ್ಟಳು.

"ಇದ್ರಲ್ಲಿ ನಾನು ಹಾಕಿದ್ದು ಯಾವುದೇ?" ಎಂದು ಹ್ಯಾನ್ಲಿ ತಲೆ ಕೆರೆದುಕೊಂಡರು.

ಗುಟ್ಟು ಇದ್ದದ್ದು ಹೆಸರಿನ ಕೊನೆಯ ಇಂಗ್ಲಿಷ್ 'ವೈ' ಅಕ್ಷರದ ಬಾಲದಲ್ಲಿ. ಹ್ಯಾನ್ಲಿ ಹೊಲದಲ್ಲಿ ಬೆಳೆದವರು. ನೇಗಿಲು ಊರಿದ ಹಾಗೆ ಪೆನ್ನನ್ನು ಊರಿ ಆ ಬಾಲ ಎಳೆಯುತ್ತಿದ್ದರು. ಕಾಗದ ತಿರುಗಿಸಿ ಹಿಂಬದಿ ಸವರಿದರೆ ಗೆರೆ ಬೆರಳಿಗೆ ತಾಗುತ್ತಿತ್ತು. ವರ್ನಾ ಆ ಒತ್ತನ್ನೂ ಬಿಡದೆ ಕಲಿತಿದ್ದಳು.

ಆ ಚುನಾವಣೆ ಗೆದ್ದ ದಿನ ಹ್ಯಾನ್ಲಿ ಅವಳ ಮೇಜಿನ ಹತ್ತಿರ ಬಂದರು. "ಊರಿಗೆಲ್ಲ ನನ್ನ ಹೆಸರು ಹಂಚಿದೆ ವರ್ನಾ, ನಿನ್ನ ಹತ್ರ ಒಂದೂ ಇಲ್ಲ. ನೀನು ಈ ಕೆಲಸ ಬಿಡೋ ದಿನ ನಾನೇ ಒಂದು ಕಾಗದ ಬರೀತೀನಿ. ಮೊದಲಿಂದ ಕೊನೇವರೆಗೂ ನನ್ನ ಕೈಯಿಂದ. ಮಾತು ಕೊಟ್ಟೆ ಅಂತ್ಲೇ ಇಟ್ಕೋ."

ಇಟ್ಟುಕೊಂಡಳು. ಇಪ್ಪತ್ತೆರಡು ವರ್ಷ ಇಟ್ಟುಕೊಂಡಳು. ಅವರು ಕಾಂಗ್ರೆಸ್ಸಿಗೆ ಹೋದರು, ಸೆನೆಟ್‌ಗೆ ಹೋದರು, ಶ್ವೇತಭವನಕ್ಕೂ ಹೋದರು. ಪ್ರತಿ ಸಲವೂ ಇವಳು ತನ್ನ ಇಂಕಿನ ಬಾಟಲಿ ಕಟ್ಟಿಕೊಂಡು ಹಿಂದೆಯೇ ಹೋದಳು. ಊರಿನಲ್ಲಿ ಮೊಳೆ, ತಂತಿ ಮಾರುವ ಅಂಗಡಿಯವನೊಬ್ಬ ಇವಳಿಗಾಗಿ ಎರಡು ವರ್ಷ ಕಾದು, ಬೇಸತ್ತು ಬೇರೆಯವಳನ್ನು ಮದುವೆಯಾದ. ವರ್ಷಕ್ಕೊಮ್ಮೆ ಸಿಬ್ಬಂದಿಯ ಹುಟ್ಟುಹಬ್ಬದ ಕಾರ್ಡುಗಳ ಕಟ್ಟಿನಲ್ಲಿ ಅವಳ ಹೆಸರಿನದೂ ಬರುತ್ತಿತ್ತು. ಅದಕ್ಕೂ ಅವಳೇ ರುಜು ಹಾಕಿ, ಲಕೋಟೆಗೆ ಅಂಟು ಹಚ್ಚಿ, ತನಗೆ ತಾನೇ ಕಳಿಸಿಕೊಳ್ಳುತ್ತಿದ್ದಳು. ನಗು ಬರುತ್ತಿತ್ತು. ನಿಜವಾದದ್ದು ಮುಂದೆ ಬರುವುದಿದೆಯಲ್ಲ, ಅದಕ್ಕೇ ನಗು ಬರುತ್ತಿತ್ತು.

ಒಂದೇ ಒಂದು ಸಲ ಅವಳಿಗೆ ನಗು ಬರಲಿಲ್ಲ. ವಾಷಿಂಗ್ಟನ್ನಿನಲ್ಲಿ ಅವಳು ಬಾಡಿಗೆಗಿದ್ದದ್ದು ಎಡ್ನಾ ಟ್ರಿಪ್ಲೆಟ್ ಎಂಬ ವಿಧವೆಯ ಮನೆಯ ಮಹಡಿಯಲ್ಲಿ. ರುಜುವಿನ ವಿಷಯ ಹೊರಗೆ ಹೇಳುವಂತಿರಲಿಲ್ಲವಾದ್ದರಿಂದ ಎಡ್ನಾ ಅವಳನ್ನು ಬರೀ ಟೈಪಿಸ್ಟ್ ಎಂದುಕೊಂಡಿದ್ದಳು. ಎಡ್ನಾಳ ಒಬ್ಬನೇ ಮಗ ಡ್ವೇನ್ ಕೊರಿಯಾದಲ್ಲಿ ಸತ್ತ. ಹತ್ತು ದಿನಕ್ಕೆ ಅವನ ಹೆಸರಿನ ಸಂತಾಪದ ಕಾಗದ ವರ್ನಾಳ ಮೇಜಿಗೆ ಬಂತು. ಅವಳು ಅದನ್ನು ಹಿಡಿದುಕೊಂಡು ನೇರ ಅಧ್ಯಕ್ಷರ ಕೋಣೆಗೆ ಹೋದಳು.

"ಇದೊಂದಕ್ಕೆ ನೀವೇ ಹಾಕಿ ಸರ್. ಈ ಹುಡುಗ ನಮ್ಮನೆಯವನು. ನನ್ನ ಪೆಟ್ಟಿಗೆ ಮಹಡಿಗೆ ಹೊತ್ತುಕೊಟ್ಟವನು."

ಅಧ್ಯಕ್ಷರು ಫೋನಿನಲ್ಲಿದ್ದರು. ರಿಸೀವರಿಗೆ ಅಂಗೈ ಅಡ್ಡ ಹಿಡಿದು, "ನೀನೇ ಹಾಕಿಬಿಡು ವರ್ನಾ, ನಂದಕ್ಕಿಂತ ನಿಂದೇ ಚೆನ್ನಾಗಿರತ್ತೆ" ಎಂದರು.

ವರ್ನಾ ತನ್ನ ಕೋಣೆಗೆ ಬಂದು, ಬಾಗಿಲು ಹಾಕಿಕೊಂಡು ಅತ್ತಳು. ಆಮೇಲೆ ಕಣ್ಣೊರೆಸಿಕೊಂಡು ರುಜು ಹಾಕಿದಳು. ಎಡ್ನಾ ಆ ಕಾಗದಕ್ಕೆ ಕಟ್ಟು ಹಾಕಿಸಿ ಗೋಡೆಗೆ ತೂಗುಹಾಕಲಿಲ್ಲ. ಗಾಜು ಅಡ್ಡ ಬಂದರೆ ಮುಟ್ಟುವುದು ಹೇಗೆ ಎಂದು ಬೈಬಲಿನಲ್ಲಿ ಇಟ್ಟುಕೊಂಡಳು.

ಈ ವರ್ಷ ವರ್ನಾಳ ಬೆರಳುಗಳು ನಡುಗತೊಡಗಿದವು. ವೈದ್ಯರು ಪೆನ್ನು ಬಿಡು ಎಂದರು. ಕಚೇರಿಯವರು ಬೆವರ್ಲಿ ಎಂಬ ಹುಡುಗಿಯನ್ನು ತಂದು ಪಕ್ಕದಲ್ಲಿ ಕೂರಿಸಿ, ಕಲಿಸಿಕೊಟ್ಟು ಹೋಗು ಎಂದರು. ಬೆವರ್ಲಿ ಜಾಣೆ. ನಾಲ್ಕೇ ವಾರದಲ್ಲಿ ರುಜು ತದ್ರೂಪ ಬಂತು. ಒತ್ತು ಮಾತ್ರ ಬರಲಿಲ್ಲ.

"ಊರಿ ಎಳಿ ಹುಡುಗಿ, ಕೇಕಿನ ಮೇಲೆ ಸಕ್ಕರೆ ಉದುರಿಸ್ತಿದ್ದೀಯೇನು" ಎಂದು ವರ್ನಾ ಗದರಿದರೆ, "ಹಿಂದುಗಡೆ ತಿರುಗಿಸಿ ಯಾರು ನೋಡ್ತಾರೆ ಮಿಸ್ ಲಿಂಡ್‌ಕ್ವಿಸ್ಟ್?" ಎಂದು ಅವಳು ಕೈ ಒದರಿಕೊಳ್ಳುತ್ತಿದ್ದಳು.

ಬೀಳ್ಕೊಡುಗೆ ಒಂದು ಶುಕ್ರವಾರ ಮಧ್ಯಾಹ್ನ ನಡೆಯಿತು. ಕೇಕು, ಕಾಫಿ, ಒಬ್ಬ ಫೋಟೋದವನು. ಅಧ್ಯಕ್ಷರು ಬಂದು ನಾಲ್ಕು ನಿಮಿಷ ಇದ್ದರು. ಅವಳ ಭುಜ ತಟ್ಟಿ, ದಪ್ಪ ಲಕೋಟೆಯೊಂದನ್ನು ಕೈಗಿಟ್ಟು, "ಕೊಟ್ಟ ಮಾತು ಮರೆತಿಲ್ಲ ಕಣೇ ವರ್ನಾ" ಎಂದರು. ಎಲ್ಲರೂ ಚಪ್ಪಾಳೆ ತಟ್ಟಿದರು. ಮೂಲೆಯಲ್ಲಿ ನಿಂತಿದ್ದ ಬೆವರ್ಲಿ ತನ್ನ ಕೇಕಿನ ತಟ್ಟೆಯನ್ನೇ ನೋಡುತ್ತಿದ್ದಳು. ವರ್ನಾ ಅದನ್ನು ಗಮನಿಸಿದಳು, ಆದರೆ ಆಗ ಅದು ಅವಳ ತಲೆಗೆ ಹೋಗಲಿಲ್ಲ.

ಮನೆ ಮುಟ್ಟುವವರೆಗೆ ತಡೆಯಲಾಗಲಿಲ್ಲ. ಬಸ್ಸಿನಲ್ಲಿ ಕಿಟಕಿಯ ಪಕ್ಕ ಕೂತು, ಟೋಪಿಯ ಪಿನ್ನಿನಿಂದ ಲಕೋಟೆ ಬಿಡಿಸಿದಳು. ಕಾಗದ ಟೈಪು ಮಾಡಿದ್ದಾಗಿತ್ತು.

ಇರಲಿ, ಅವರಿಗೆ ಪುರುಸೊತ್ತೆಲ್ಲಿ ಎಂದುಕೊಂಡಳು. ಓದಿದಳು. 'ತಮ್ಮ ಸ್ಥಾನವನ್ನು ಇನ್ನೊಬ್ಬರು ತುಂಬುವುದು ಸಾಧ್ಯವಿಲ್ಲ' ಎಂಬ ಸಾಲಿಗೆ ಬಂದಾಗ ಅವಳ ಕಣ್ಣು ಅಲ್ಲೇ ನಿಂತಿತು. ಆ ಸಾಲನ್ನು ಬರೆದವಳು ಅವಳೇ. ಮುದುಕನಾದ ತೋಟಗಾರನೊಬ್ಬ ನಿವೃತ್ತನಾದಾಗ ಬರೆದುಕೊಟ್ಟಿದ್ದಳು. ಚೆನ್ನಾಗಿದೆ ಎಂದು ಕಚೇರಿಯವರು ಅದನ್ನೇ ಮಾದರಿ ಮಾಡಿ ಕಡತಕ್ಕೆ ಸೇರಿಸಿದ್ದರು. ತೋಟಗಾರನ ಹೆಸರಿದ್ದ ಜಾಗದಲ್ಲಿ ಈಗ ಇವಳ ಹೆಸರಿತ್ತು, ಅಷ್ಟೇ.

ರುಜುವಾದರೂ ಇದೆಯಲ್ಲ. ಕೊನೆಯ ಆಸೆ ಅದೊಂದೇ. ಅವಳು ನೋಡಲಿಲ್ಲ. ಕಣ್ಣು ಮುಚ್ಚಿ, ಕಾಗದ ತಿರುಗಿಸಿ, ಹಿಂಬದಿಯನ್ನು ಬೆರಳಿನಿಂದ ಸವರಿದಳು. ಮತ್ತೊಮ್ಮೆ ಸವರಿದಳು. ನುಣ್ಣಗಿತ್ತು.

ಬೆವರ್ಲಿಯ ಕೈ.

ಅವಳಿಗೆ ಬೇಕಾಗಿದ್ದದ್ದು ಅರ್ಧ ನಿಮಿಷದ ಕೆಲಸ. ಪೆನ್ನು ಎತ್ತಿ ಹ್ಯಾನ್ಲಿ ಒಂದು ಹೆಸರು ಗೀಚುವುದು, ಅದೂ ತಮ್ಮದೇ ಹೆಸರು. ಮರೆತುಬಿಟ್ಟಿದ್ದರೆ ಕ್ಷಮಿಸಬಹುದಿತ್ತು. ನೆನಪಿಟ್ಟುಕೊಂಡು, ನೆನಪಿದೆ ಎಂದು ಎಲ್ಲರೆದುರು ಹೇಳಿ, ಲೋಕದಲ್ಲಿ ಈ ಮೋಸ ಗುರುತಿಸಬಲ್ಲ ಒಬ್ಬಳೇ ಒಬ್ಬಳಿಗೆ ಮೋಸ ಮಾಡಿದ್ದರು. ಅವಳಿಗೆ ತಿಳಿಯುತ್ತದೆ ಎಂದು ಹೊಳೆಯದಷ್ಟು ಅವಳನ್ನು ಕಡೆಗಣಿಸಿದ್ದರು. ಇಳಿಯಬೇಕಾದ ನಿಲ್ದಾಣ ದಾಟಿ ಬಸ್ಸು ಎರಡು ಬೀದಿ ಮುಂದೆ ಹೋದ ಮೇಲೆ ಅವಳಿಗೆ ಎಚ್ಚರವಾಯಿತು.

ಅಧ್ಯಕ್ಷರ ಕಾಗದ ಬರುತ್ತದೆಂದು ವರ್ನಾಳಿಂದಲೇ ಕೇಳಿದ್ದ ಎಡ್ನಾ ಪೀಚ್ ಹಣ್ಣಿನ ಪೈ ಮಾಡಿ, ಒಳ್ಳೆಯ ಮೇಜುಬಟ್ಟೆ ಹಾಸಿ, ಬಾಗಿಲಲ್ಲೇ ಕಾದಿದ್ದಳು.

"ಎಲ್ಲಿ, ತೋರ್ಸು. ಕೈ ತೊಳ್ಕೊಂಡಿದ್ದೀನಿ."

"ನಾಳೆ ನೋಡಿದ್ರಾಯ್ತು ಎಡ್ನಾ."

"ನಾಳೆಗೆ ನಾನು ಸತ್ತುಗಿತ್ತು ಹೋದ್ರೆ? ಕೊಡೇ, ದೊಡ್ಡ ಮನುಷ್ಯಳಾಗ್ಬಿಟ್ಟೆ ಈಗ."

ವರ್ನಾ ಕೊಟ್ಟಳು. ಎಡ್ನಾ ತುಟಿ ಅಲ್ಲಾಡಿಸುತ್ತ ಓದಿ ಮುಗಿಸಿ, ಎದ್ದು ಹೋಗಿ ತನ್ನ ಬೈಬಲಿನಿಂದ ಡ್ವೇನನ ಕಾಗದ ತಂದಳು. ಎರಡನ್ನೂ ಪಕ್ಕಪಕ್ಕ ಇಟ್ಟಳು. ಮೂರು ವರ್ಷದಿಂದ ದಿನವೂ ಮಾಡುತ್ತಿದ್ದ ಹಾಗೆ ತನ್ನ ಕಾಗದವನ್ನು ತಿರುಗಿಸಿ ಹೆಬ್ಬೆರಳಿನಿಂದ ಸವರಿದಳು. ಆಮೇಲೆ ವರ್ನಾಳದನ್ನು ಸವರಿದಳು. ಅವಳ ಮುಖ ಸಣ್ಣಗಾಯಿತು.

"ವರ್ನಾ, ಇದು ಅವರ ಕೈಯಲ್ಲ."

ವರ್ನಾ ಕುರ್ಚಿ ಎಳೆದುಕೊಂಡು ಕೂತಳು.

"ನನಗೆ ಗೊತ್ತಾಗತ್ತೆ. ನೋಡು, ನಂದು ಇಲ್ಲಿ ಹೇಗೆ ಉಬ್ಬಿದೆ. ಅವತ್ತು ಅವರಿಗೆ ಎಷ್ಟು ಸಂಕಟ ಆಗಿರ್ಬೇಕು, ಅಷ್ಟು ಒತ್ತಿದ್ದಾರೆ. ನಿಂದಕ್ಕೆ ಯಾರೋ ಆಫೀಸಿನವರು ಹಾಕಿದಾರೆ." ಎಡ್ನಾಳ ದನಿ ಏರಿತು. "ನನ್ನ ಡ್ವೇನನ ಮುಖಾನೂ ನೋಡದೇ ಇರೋರು ನನಗೆ ಕೈಯಾರೆ ಹಾಕಿ ಕಳ್ಸಿದ್ರು. ಇಪ್ಪತ್ತೆರಡು ವರ್ಷ ಜೀವ ತೇದ ನಿನಗೆ ಹೀಗಾ ಮಾಡೋದು? ಅವರಿಗೆ ಹೇಳ್ದೆ ಕೆಳಗಿನೋರು ಯಾರೋ ಮಾಡಿರ್ಬೇಕು. ಇಲ್ಲಾಂದ್ರೆ ಅವರು ಅಂಥೋರಲ್ಲ."

ಹೇಳಿಬಿಡಲೇ? ಅವರು ಅಂಥವರೇ ಎಂದು, ಅವತ್ತು ಫೋನು ಕೂಡ ಕೆಳಗಿಡಲಿಲ್ಲ ಎಂದು ಹೇಳಿಬಿಟ್ಟರೆ, ಹ್ಯಾನ್ಲಿಯ ಹೆಸರು ಈ ಅಡುಗೆಮನೆಯಲ್ಲಾದರೂ ಮಣ್ಣು ಪಾಲಾಗುತ್ತಿತ್ತು. ಮಾತು ವರ್ನಾಳ ಬಾಯಿಯವರೆಗೂ ಬಂದಿತ್ತು.

ಅಷ್ಟರಲ್ಲಿ ಎಡ್ನಾ ತನ್ನ ಕಾಗದವನ್ನು ಅವಳ ಕಡೆಗೆ ಸರಿಸಿದಳು. "ಇದನ್ನ ಸ್ವಲ್ಪ ದಿನ ನೀನಿಟ್ಕೋ. ನಿನಗೂ ಅಂತ ಅವರದ್ದು ಒಂದು ಇರ್ಲಿ. ನಿದ್ದೆ ಬರ್ದಿದ್ರೆ ಹೀಗೆ ಹಿಂದುಗಡೆ ಸವರ್ತಾ ಮಲ್ಕೋ. ನಾನು ಹಾಗೇ ಮಾಡೋದು."

ವರ್ನಾ ಕಾಗದ ತೆಗೆದುಕೊಂಡಳು. ನಡುಗುವ ಬೆರಳಿಗೆ ಆ ಬಾಲ ಸಿಕ್ಕಿತು, ಮೂರು ವರ್ಷದ ಹಿಂದೆ ಬಾಗಿಲು ಹಾಕಿಕೊಂಡು ಅವಳೇ ಊರಿ ಎಳೆದದ್ದು. ಅಷ್ಟು ಒತ್ತಿ ಹ್ಯಾನ್ಲಿ ತಮ್ಮ ಜನ್ಮದಲ್ಲಿ ಯಾರಿಗೂ ಬರೆದಿರಲಿಲ್ಲ.

ಅವಳು ಅದನ್ನು ಎಡ್ನಾಳ ಬೈಬಲಿನೊಳಗೆ, ಇದ್ದ ಪುಟದಲ್ಲೇ ವಾಪಸ್ಸು ಇಟ್ಟಳು.

"ಬೇಡ ಎಡ್ನಾ, ಇದು ನಿಮ್ಮ ಹತ್ರಾನೇ ಇರ್ಲಿ. ನಿಮ್ಮದೇ ನಿಜವಾದ್ದು."

"ನೋಡಿದ್ಯಾ, ನಾನು ಹೇಳ್ಲಿಲ್ವಾ" ಎಂದು ಎಡ್ನಾ ಕಣ್ಣೊರೆಸಿಕೊಂಡು ಪೈ ಕೊಯ್ಯಲು ಚಾಕು ಎತ್ತಿಕೊಂಡಳು.