ಬೀಗದಣ್ಣನ ಹೊಸ ಬೋರ್ಡು

ನಮ್ಮ ಬೀದಿಯಲ್ಲಿ ಬಾಯಿಗೆ ಬೀಗ ಇಲ್ಲದವರು ಬಹಳ ಮಂದಿ. ಬಾಗಿಲಿಗೆ ಬೀಗ ಹಾಕಿಕೊಡುವವನು ಮಾತ್ರ ಒಬ್ಬನೇ. ಅವನನ್ನು ಎಲ್ಲರೂ ಬೀಗದಣ್ಣ ಅಂತಲೇ ಕರೆಯುತ್ತಾರೆ. ಮೆಟ್ಟಿಲ ಕೆಳಗೆ ಅವನದೊಂದು ಪುಟ್ಟ ಅಂಗಡಿ. ಒಬ್ಬ ಗಿರಾಕಿ ಒಳಗೆ ಬಂದರೆ ಇವನು ಹೊರಗೆ ಬರಬೇಕು, ಅಷ್ಟೇ ಜಾಗ. ಗೋಡೆ ತುಂಬ ತೂಗುಹಾಕಿದ ಕೀಲಿಕೈಗಳು, ಕೀಲಿಕೈ ಉಜ್ಜುವ ಒಂದು ಯಂತ್ರ, ಎಣ್ಣೆಯ ವಾಸನೆ.

ರಸ್ತೆಯ ಆಚೆ ಬದಿಗೆ ಅವನ ಅತ್ತೆಯ, ಅಂದರೆ ಹೆಂಡತಿಯ ತಾಯಿಯ, ಹೊಲಿಗೆ ಅಂಗಡಿ. ಬೀದಿಯ ಹೆಂಗಸರು ಅಳತೆ ಕೊಡಲು ಅಲ್ಲಿಗೆ ಬರುತ್ತಾರೆ, ಜೊತೆಗೆ ಸುದ್ದಿಯನ್ನೂ ಕೊಟ್ಟು ಹೋಗುತ್ತಾರೆ. ಬೆಳಿಗ್ಗೆ ಅತ್ತೆ ಆಡಿದ ಮಾತು ಸಂಜೆಯೊಳಗೆ ಬೀದಿಯ ಆ ತುದಿ ಮುಟ್ಟಿರುತ್ತದೆ.

ಎರಡು ವರ್ಷದ ಹಿಂದೆ ಔಷಧಿ ಅಂಗಡಿಯವರ ಮನೆಯ ಕಪಾಟಿನಿಂದ ಒಡವೆ ಕಳುವಾಯಿತು. ಬೀಗ ಒಡೆದಿರಲಿಲ್ಲ, ಒಂದು ಗೀರೂ ಬಿದ್ದಿರಲಿಲ್ಲ. "ಗೀರು ಬೀಳದ ಹಾಗೆ ಬೀಗ ತೆಗೆಯೋನು ನಮ್ಮಲ್ಲಿ ಇನ್ಯಾರಿದ್ದಾರೆ?" ಅಂದರು ಬೀದಿಯವರು. ಬೀಗದಣ್ಣ ಹಿಂದಿನ ವಾರವಷ್ಟೇ ಆ ಮನೆಯ ಬಾಗಿಲು ರಿಪೇರಿ ಮಾಡಿ ಬಂದಿದ್ದ. ಕೆಲಸದಲ್ಲಿ ಜಾಣನಾದದ್ದೇ ಅವನಿಗೆ ಮುಳುವಾಯಿತು. ಪೊಲೀಸರು ಬಂದರು, ಕೇಸಾಯಿತು. ಕೋರ್ಟಿಗೆ ಅಲೆದು ಅಲೆದು ಚಪ್ಪಲಿ ಸವೆದ ಮೇಲೆ, ಹೋದ ತಿಂಗಳು ತೀರ್ಪು ಬಂತು. ಆರೋಪ ಸಾಬೀತಾಗಿಲ್ಲ, ಬಿಡುಗಡೆ. ಕಳ್ಳ ಯಾರು ಅನ್ನುವುದು ಇವತ್ತಿಗೂ ಗೊತ್ತಿಲ್ಲ.

ಬೀಗದಣ್ಣನ ಹೆಂಡತಿಗೆ ಕಾಲು ನೆಲದ ಮೇಲೆ ನಿಲ್ಲಲಿಲ್ಲ. ಪೇಂಟರನ್ನು ಕರೆಸಿ ಅಂಗಡಿಗೆ ಹೊಸ ಬೋರ್ಡು ಬರೆಸಿದಳು. ಬಸ್ ಸ್ಟಾಪಿನಿಂದಲೂ ಕಾಣುವಂಥ ಕೆಂಪು ಅಕ್ಷರ: "ಕೋರ್ಟಿನಲ್ಲಿ ನಿರಪರಾಧಿ ಎಂದು ಸಾಬೀತಾದವರ ಬೀಗದ ಅಂಗಡಿ."

ಇನ್ನು ಕೇಳಬೇಕೇ! ಕೇಸು ಮರೆತಿದ್ದವರಿಗೆಲ್ಲ ನೆನಪಾಯಿತು. ಕೇಸೇ ಗೊತ್ತಿಲ್ಲದ ಪರವೂರಿನವರು ನಿಂತು, "ಏನಾಗಿತ್ತು ಸ್ವಾಮಿ?" ಅಂತ ವಿಚಾರಿಸತೊಡಗಿದರು. ಸೈಕಲ್ ಬೀಗ ತಂದಿದ್ದ ಒಬ್ಬಾತ ಬೋರ್ಡನ್ನು ಓದಿದ, ಬೀಗವನ್ನು ಮೆಲ್ಲಗೆ ಜೇಬಿಗೆ ಇಳಿಸಿದ, "ಆಮೇಲೆ ಬರ್ತೀನಿ" ಅಂದ. ಅವನ 'ಆಮೇಲೆ' ಇನ್ನೂ ಆಗಿಲ್ಲ.

"ಕುಂಬಳಕಾಯಿ ಕಳ್ಳ ಅಂದ್ರೆ ಹೆಗಲು ಮುಟ್ಟಿ ನೋಡ್ಕೊಂಡ ಹಾಗಾಯ್ತು" ಎಂದು ಅತ್ತೆ ಹೊಲಿಗೆ ಯಂತ್ರ ತುಳಿಯುತ್ತಲೇ ಅಂದರು. ಸ್ವಂತ ಅತ್ತೆಯೇ ಹೀಗಂದ ಮೇಲೆ ಬೀದಿ ಸುಮ್ಮನಿರುತ್ತದೆಯೇ? ಕೋರ್ಟು ಬಿಟ್ಟರೂ ಬೀದಿ ಬಿಡಲಿಲ್ಲ.

ಒಂದು ಮಧ್ಯಾಹ್ನ ಬೀಗದಣ್ಣ ಹೆಂಡತಿಗೆ ಹೇಳಿದ: "ತಿಂಗಳ ಕೊನೆಗೆ ಅಂಗಡಿ ಮುಚ್ಚಿಬಿಡ್ತೀನಿ ಕಣೇ. ಗೋದಾಮಿನಲ್ಲಿ ಕಾವಲುಗಾರನ ಕೆಲಸ ಕೇಳ್ತೀನಿ."

"ಕಾವಲಿಗೆ ನಿಮ್ಮನ್ನ ಯಾರು ರೀ ಇಟ್ಕೊಳ್ತಾರೆ?" ಅಂದವಳು ನಾಲಿಗೆ ಕಚ್ಚಿಕೊಂಡಳು. ಇಬ್ಬರಿಗೂ ನಗು ಬಂತು. ನಗುನಗುತ್ತಲೇ ಅವಳಿಗೆ ಅಳು ಬಂತು. ಬೀಗದ ಕೆಲಸ ಅವನು ತನ್ನ ಅಪ್ಪನಿಂದ ಕಲಿತದ್ದು, ಅವನಿಗೆ ಬೇರೆ ಕೆಲಸ ಬರುವುದೂ ಇಲ್ಲ. ಕಣ್ಣೊರೆಸಿಕೊಂಡು ನೇರವಾಗಿ ತಾಯಿಯ ಅಂಗಡಿಗೆ ನಡೆದಳು.

ಅಲ್ಲಿ ಲಾಯರಕ್ಕ ಕೂತಿದ್ದರು. ಬೀದಿಯವರು ಹಾಗೆ ಕರೆದರೂ ಅವರು ಲಾಯರಲ್ಲ, ಕಾನೂನು ನೆರವು ಕೇಂದ್ರದ ಕಾರ್ಯಕರ್ತೆ. "ನಾನು ಲಾಯರಲ್ಲ ಕಣ್ರಮ್ಮಾ" ಎಂದು ಹೇಳಿ ಹೇಳಿ ಸಾಕಾಗಿ, ಈಗ ಕರೆದರೆ "ಏನಮ್ಮ?" ಅನ್ನುತ್ತಾರೆ. ಅವತ್ತು ಬ್ಯಾಗಿನ ಜಿಪ್ಪು ಹಾಕಿಸಲು ಬಂದಿದ್ದರು. ಮಗಳು ತಾಯಿಯ ಮುಂದೆ ಅಂಗಡಿ ಮುಚ್ಚುವ ಸುದ್ದಿ ಹೇಳಿದ್ದು ಅವರ ಕಿವಿಗೂ ಬಿತ್ತು.

"ಮೊದಲು ಆ ಬೋರ್ಡು ಇಳಿಸಮ್ಮ. ಅದರಲ್ಲಿ ಬರೆಸಿರೋದು ಸರಿಯಿಲ್ಲ" ಅಂದರು.

"ಅಂದ್ರೆ ನೀವೂ ನಮ್ಮವರನ್ನ ಕಳ್ಳ ಅಂತೀರಾ ಅಕ್ಕ?"

"ಅಯ್ಯೋ, ಪೂರ್ತಿ ಕೇಳು. 'ಇವನು ಕದ್ದಿಲ್ಲ' ಅಂತ ಕೋರ್ಟು ಯಾರಿಗೂ ಮುದ್ರೆ ಒತ್ತಿ ಕೊಡೋದಿಲ್ಲ. ಅದು ಕೇಳೋದು ಒಂದೇ ಪ್ರಶ್ನೆ. ಇವನೇ ಕದ್ದ ಅನ್ನೋದು ಅನುಮಾನಕ್ಕೆ ಜಾಗ ಇಲ್ಲದ ಹಾಗೆ ಸಾಬೀತಾಗಿದೆಯಾ? ಆಗಿಲ್ಲ ಅಂದ್ರೆ ಬಿಟ್ಟುಬಿಡುತ್ತೆ. ನಿನ್ನ ಗಂಡ ನಿಜವಾಗ್ಲೂ ಆ ಕಪಾಟು ಮುಟ್ಟಿದ್ನೋ ಇಲ್ವೋ ಅನ್ನೋದು ಬೇರೆ ಮಾತು. ಅದು ಗೊತ್ತಿರೋದು ಅವನಿಗೆ, ಮತ್ತೆ ಕದ್ದವನಿಗೆ."

ಅತ್ತೆಯ ಯಂತ್ರ ಗಕ್ಕನೆ ನಿಂತಿತು. "ನಾನು ಹೇಳಿರ್ಲಿಲ್ವಾ! ಹಾಗಾದ್ರೆ ಕದ್ದಿರಲೂಬಹುದು ಅಂತಾಯ್ತು. ಬೆಂಕಿ ಇಲ್ಲದೆ ಹೊಗೆ ಆಡುತ್ತಾ?"

ಲಾಯರಕ್ಕ ವಾದಕ್ಕೆ ಇಳಿಯಲಿಲ್ಲ. ಜಿಪ್ಪನ್ನು ಒಮ್ಮೆ ಎಳೆದು ನೋಡಿ, "ಚೆನ್ನಾಗಿ ಕೂತಿದೆ ಅಮ್ಮ" ಅಂದರು. ಆಮೇಲೆ ಏನೋ ನೆನಪಾದವರಂತೆ ಕೇಳಿದರು: "ಅಂದಹಾಗೆ, ಬೇಕರಿಯವರ ಹೆಂಡತಿ ಹೇಳ್ತಿದ್ರು. ಅವರ ಮೊಮ್ಮಗಳ ಫ್ರಾಕಿನ ಬಟ್ಟೆಯಲ್ಲಿ ಅರ್ಧ ಮೀಟರು ನೀವು ಉಳಿಸ್ಕೊಂಡ್ರಂತೆ. ಅದಕ್ಕೇ ಫ್ರಾಕು ಗಿಡ್ಡ ಆಯ್ತಂತೆ. ಹೌದಾ?"

ದರ್ಜಿಯವರಿಗೆ ಇದಕ್ಕಿಂತ ದೊಡ್ಡ ಬೈಗುಳ ಇನ್ನೊಂದಿಲ್ಲ. ಅತ್ತೆ ಎದ್ದು ನಿಂತೇಬಿಟ್ಟರು. ಕೊರಳಲ್ಲಿದ್ದ ಅಳತೆ ಟೇಪು ಕೆಳಗೆ ಬಿತ್ತು.

"ನಾನಾ? ಅವಳು ತಂದಿದ್ದೇ ಕಮ್ಮಿ ಬಟ್ಟೆ! ನಲವತ್ತು ವರ್ಷ ಹೊಲಿದಿದ್ದೀನಿ, ಒಂದು ಚೂರು ಬಟ್ಟೆಗೆ ಆಸೆ ಪಟ್ಟವಳಲ್ಲ ನಾನು!"

"ಇರಬಹುದು. ಆದ್ರೆ ಸಾಬೀತು ಮಾಡಿ ನೋಡೋಣ."

"ಹೇಗ್ರಿ ಸಾಬೀತು ಮಾಡ್ಲಿ? ಇಟ್ಕೊಳ್ಳದೆ ಇರೋ ಬಟ್ಟೇನ ಎಲ್ಲಿಂದ ತಂದು ತೋರಿಸ್ಲಿ? ಅಂದವಳು ಬಂದು ತೋರಿಸ್ಲಿ! ನಾನ್ಯಾಕೆ ತೋರಿಸ್ಬೇಕು?"

ಮಗಳು ತಾಯಿಯ ಮುಖವನ್ನೇ ನೋಡುತ್ತಿದ್ದಳು.

"ಅಷ್ಟೇ ಅಮ್ಮ. ಕಾನೂನು ಹೇಳೋದೂ ನೀವು ಈಗ ಹೇಳಿದ್ದನ್ನೇ" ಅಂದರು ಲಾಯರಕ್ಕ ಮೆತ್ತಗೆ. "ಮಾಡಿಲ್ಲದ್ದನ್ನ ಮಾಡಿಲ್ಲ ಅಂತ ತೋರಿಸೋದು ಯಾರ ಕೈಲೂ ಆಗಲ್ಲ. ಅದಕ್ಕೇ ಆರೋಪ ಹೊರಿಸಿದವರೇ ತೋರಿಸ್ಬೇಕು. ಅಲ್ಲಿವರೆಗೂ ಕಾನೂನಿನ ಕಣ್ಣಿಗೆ ಅವನು ನಿರಪರಾಧೀನೇ, ನಿಮ್ಮ ಹಾಗೆ, ನನ್ನ ಹಾಗೆ."

ಅತ್ತೆ ಕೂತರು. ಆದರೂ ಅಷ್ಟು ಸುಲಭಕ್ಕೆ ಸೋಲುವ ಜೀವವಲ್ಲ ಅದು. "ಹಾಗಾದ್ರೆ ಕದ್ದವರು ಯಾರು?"

"ಗೊತ್ತಿಲ್ಲ. ಕಳ್ಳನ್ನ ಹಿಡಿದು ತರೋದು ನಿಮ್ಮ ಅಳಿಯನ ಕೆಲಸವಾ? ಗೊತ್ತಿಲ್ಲ ಅನ್ನೋದು ತಪ್ಪಲ್ಲ ಅಮ್ಮ. ಗೊತ್ತಿಲ್ಲದೆ ಶಿಕ್ಷೆ ಕೊಡೋದು ತಪ್ಪು. ಯಾರ ಹತ್ರಾನಾದ್ರೂ ಸಾಕ್ಷಿ ಇದ್ರೆ ಪೊಲೀಸ್ ಠಾಣೆಗೆ ಹೋಗಿ ಹೇಳಲಿ. ಇಲ್ದಿದ್ರೆ, ಕೋರ್ಟು ಕೊಡದ ಶಿಕ್ಷೇನ ಹೊಲಿಗೆ ಅಂಗಡೀಲಿ ಕೂತು ಕೊಡೋ ಹಕ್ಕು ನಮಗ್ಯಾರಿಗೂ ಇಲ್ಲ."

ಅತ್ತೆ ಕೆಳಗೆ ಬಿದ್ದಿದ್ದ ಅಳತೆ ಟೇಪು ಎತ್ತಿ ಕೊರಳಿಗೆ ಹಾಕಿಕೊಂಡರು. ಆಮೇಲೆ ಮಗಳ ಕೈ ಹಿಡಿದುಕೊಂಡು, "ಅಳಿಯಂದ್ರು ಈ ಕಡೆ ಬಂದಾಗಲೆಲ್ಲ ನಾನು ಗಲ್ಲಾಪೆಟ್ಟಿಗೆ ಮುಚ್ತಿದ್ದೆ ಕಣೇ. ಅವರಿಗೆ ಗೊತ್ತಾಗಿರಲ್ಲ ಅಂದ್ಕೊಂಡಿದ್ದೆ" ಅಂದರು.

"ಗೊತ್ತಾಗ್ತಿತ್ತಮ್ಮ. ಅವತ್ತು ಮನೆಗೆ ಬಂದು ಸರಿಯಾಗಿ ಊಟ ಮಾಡ್ತಿರ್ಲಿಲ್ಲ."

ಅತ್ತೆಗೆ ಬಹಳ ನಾಚಿಕೆಯಾಯಿತು. ಸೆರಗಿನಿಂದ ಮೂಗು ಒರೆಸಿಕೊಂಡು, ಏನೂ ಆಗಿಲ್ಲವೆಂಬಂತೆ ಮತ್ತೆ ಯಂತ್ರ ತುಳಿಯತೊಡಗಿದರು. ಹೊಲಿಗೆ ಸೊಟ್ಟಗೆ ಹೋಯಿತು.

ಮರುದಿನ ಬೋರ್ಡು ಇಳಿಯಿತು. ಪೇಂಟರು ಅದರ ಮೇಲೆ ಬಿಳಿ ಬಣ್ಣ ಬಳಿದು, "ಬೀಗ ರಿಪೇರಿ. ಕೀಲಿಕೈ ಮಾಡಿಕೊಡಲಾಗುತ್ತದೆ" ಎಂದಷ್ಟೇ ಬರೆದ. "ಇಷ್ಟೇನಾ?" ಅಂತ ಹೆಂಡತಿ ಗೊಣಗಿದಳು. "ಇಷ್ಟೇ ನಾನು ಮಾಡೋ ಕೆಲಸ" ಅಂದ ಬೀಗದಣ್ಣ.

ಹನ್ನೊಂದರ ಹೊತ್ತಿಗೆ ಹೊಲಿಗೆ ಅಂಗಡಿ ಹೆಂಗಸರಿಂದ ತುಂಬಿತ್ತು. ಅತ್ತೆ ಬೇಕಂತಲೇ ಆ ಹೊತ್ತು ಆರಿಸಿಕೊಂಡಿದ್ದರು. ಬಾಗಿಲಿಗೆ ಬಂದು ಬೀದಿಗೆಲ್ಲ ಕೇಳುವಂತೆ ಕೂಗಿದರು: "ಅಳಿಯಂದ್ರೇ! ನನ್ನ ಅಂಗಡಿ ಶಟರಿಗೆ ಒಂದು ಒಳ್ಳೇ ಬೀಗ ಹಾಕಿಕೊಡಿ!"

ಬೀಗದಣ್ಣ ಸಾಮಾನಿನ ಚೀಲ ಹಿಡಿದು ಬಂದ. ತಲೆ ತಗ್ಗಿಸಿಕೊಂಡೇ ಬೀಗ ಕೂರಿಸಿದ, ತೆಗೆದು ಹಾಕಿ ನೋಡಿದ. ಎರಡು ಕೀಲಿಕೈಗಳನ್ನೂ ಅತ್ತೆಯ ಅಂಗೈಯಲ್ಲಿಟ್ಟ. ಅತ್ತೆ ಒಂದನ್ನು ಸೊಂಟಕ್ಕೆ ಸಿಕ್ಕಿಸಿಕೊಂಡರು. ಇನ್ನೊಂದನ್ನು ಅವನ ಕೈಗೇ ವಾಪಸು ಕೊಟ್ಟರು.

"ಇದು ನಿಮ್ಮ ಹತ್ರಾನೇ ಇರ್ಲಿ. ನಾನು ಮರೆಯೋ ಮುದುಕಿ."

ಅಳತೆ ಕೊಡಲು ನಿಂತಿದ್ದ ಹಾಲಿನ ಅಂಗಡಿಯಾಕೆ ತಡೆಯಲಾರದೆ ಕೇಳಿಯೇಬಿಟ್ಟಳು: "ಅಲ್ಲಮ್ಮಾ, ಇವರು ಕದ್ದಿಲ್ಲ ಅಂತ ನಿಮಗೆ ಗ್ಯಾರಂಟಿನಾ?"

"ಕದಿಯುವಾಗ ನಾನೂ ನೋಡಿಲ್ಲ, ನೀನೂ ನೋಡಿಲ್ಲ. ನೋಡಿದ್ದೀವಿ ಅಂದೋರನ್ನೆಲ್ಲ ಕೋರ್ಟು ಕೇಳಿ ಆಯ್ತು. ನಾನು ನೋಡಿರೋದು ಇವರು ನನ್ನ ಮಗಳನ್ನ ಬಾಳಿಸಿದ್ದನ್ನ. ನನಗೆ ಅಷ್ಟು ಸಾಕು. ಕೈ ಎತ್ತಮ್ಮ, ಅಳತೆ ತಗೋಬೇಕು."

ಬೀಗದಣ್ಣ ಕೀಲಿಕೈ ಹಿಡಿದು ನಿಂತೇ ಇದ್ದ. "ಅತ್ತೇ..." ಅಂದ.

"ಇಟ್ಕೊಳ್ಳಿ ಅಪ್ಪಾ" ಅಂದರು ಅತ್ತೆ. "ಕೊಡೋದು ತಡ ಮಾಡಿದೆ. ತಪ್ಪು ನನ್ನದು."

ಅಕ್ಕಂದಿರೇ, ಅಣ್ಣಂದಿರೇ, ನಿಮ್ಮ ಬೀದಿಯಲ್ಲೂ ಇಂಥ ಒಬ್ಬರು ಇರಬಹುದು. ಕೋರ್ಟು ಅವರನ್ನು ಬಿಟ್ಟಿರುತ್ತದೆ, ನಾವು ಬಿಟ್ಟಿರುವುದಿಲ್ಲ. ಅವರ ಮನಸ್ಸಿನೊಳಗೆ ಇಣುಕಿ ನೋಡಲು ಕೋರ್ಟಿಗೂ ಆಗದು, ನಮಗೂ ಆಗದು. ಸಾಕ್ಷಿ ಇದ್ದರೆ ಠಾಣೆಗೆ ಹೋಗಿ ಹೇಳಿ. ಇಲ್ಲದಿದ್ದರೆ ಗುಸುಗುಸು ನಿಲ್ಲಿಸಿ, ಮೊಬೈಲಿನಲ್ಲಿ ಬಂದದ್ದನ್ನು ಮುಂದಕ್ಕೆ ಕಳಿಸಬೇಡಿ. ಇವತ್ತೇ ಅವರ ಅಂಗಡಿಗೆ ಹೋಗಿ, ಹೆಸರು ಹಿಡಿದು ಕರೆದು ಒಂದು ಕೆಲಸ ಕೊಡಿ. ಅವರು ಎಷ್ಟೋ ದಿನದಿಂದ ಬಾಗಿಲ ಕಡೆ ನೋಡುತ್ತಾ ಕೂತಿದ್ದಾರೆ.