ಗಾಜಿನ ಸ್ಪಿರಿಟ್

ನಮ್ಮ ರೆಜಿಮೆಂಟಿನ ಗಂಡಸರು ಹಗಲೂ ರಾತ್ರಿ ಚೀನಾ ಗಡಿಯನ್ನೇ ನೋಡುತ್ತಾ ಕೂತಿದ್ದಾರೆಂದು ಮಾಸ್ಕೋದವರು ನಂಬಿದ್ದರು. ನಿಜ ಹೇಳಬೇಕೆಂದರೆ ಅವರ ಕಣ್ಣೆಲ್ಲ ವಿಮಾನದ ಹೊಟ್ಟೆಯೊಳಗಿದ್ದ ಸ್ಪಿರಿಟ್ಟಿನ ಮೇಲಿತ್ತು.

ಅಮೆರಿಕದವರ ಬಾಂಬರುಗಳನ್ನು ಅಟ್ಟಿಸಿಕೊಂಡು ಹೋಗಲೆಂದು ಕಟ್ಟಿದ ವಿಮಾನ ಅದು. ಅದರ ವೇಗಕ್ಕೆ ಒಳಗಿನ ಯಂತ್ರಗಳು ಕಾದು ಕೆಂಡವಾಗುತ್ತಿದ್ದವು. ಅವನ್ನು ತಣ್ಣಗಿಡಲು ಒಂದು ದೊಡ್ಡ ತೊಟ್ಟಿಯಲ್ಲಿ ನೀರು ಬೆರೆಸಿದ ಸ್ಪಿರಿಟ್ ಇರುತ್ತಿತ್ತು. ಪೈಲಟ್‌ನ ಮುಂದಿನ ಗಾಜಿಗೆ ಮಂಜುಗಡ್ಡೆ ಕಟ್ಟದಂತೆ ಚಿಮ್ಮಿಸಲು ಇನ್ನೊಂದು ಚಿಕ್ಕ ತೊಟ್ಟಿ, ಅದರಲ್ಲಿ ಅಪ್ಪಟ ಸ್ಪಿರಿಟ್. ದೊಡ್ಡ ತೊಟ್ಟಿಯದ್ದು ಕುಡಿದರೆ ಮಾರನೆಯ ದಿನ ತಲೆ ಎತ್ತಲಾಗುತ್ತಿರಲಿಲ್ಲ. ಚಿಕ್ಕ ತೊಟ್ಟಿಯದ್ದಕ್ಕೆ ಮಾತ್ರ ಮರ್ಯಾದೆ. ಅದನ್ನು ‘ಗಾಜಿನ ಸ್ಪಿರಿಟ್’ ಎನ್ನುತ್ತಿದ್ದರು. ಇಡೀ ವಿಮಾನಕ್ಕೆ ನಮ್ಮ ಕಡೆ ಇಟ್ಟ ಹೆಸರು ‘ಹಾರುವ ದಿನಸಿ ಅಂಗಡಿ’.

ಪದ್ಧತಿ ಸರಳವಾಗಿತ್ತು. ಪೈಲಟ್ ಗಾಜಿಗೆ ಚಿಮ್ಮಿಸುವ ಸ್ವಿಚ್ ಒತ್ತದೆ ಇಳಿದರೆ ಚಿಕ್ಕ ತೊಟ್ಟಿ ತುಂಬಿದ್ದು ತುಂಬಿದ ಹಾಗೇ ಇರುತ್ತದೆ. ಕಾಗದದ ಮೇಲೆ ಮಾತ್ರ ಖರ್ಚು. ಉಳಿದದ್ದು ಚಳಿಯಲ್ಲಿ ವಿಮಾನದ ಕೆಳಗೆ ನಿಂತು ಕೈ ಒಡೆಸಿಕೊಂಡವರ ಪಾಲು. ಒತ್ತದೆ ಇಳಿದವನು ಒಳ್ಳೆಯ ಮನುಷ್ಯ, ಒತ್ತಿ ಇಳಿದವನು ಜಿಪುಣ. ಇದನ್ನು ಯಾರೂ ಯಾರಿಗೂ ಹೇಳಿಕೊಟ್ಟದ್ದಲ್ಲ. ಬೈಕಾಲ್ ಸರೋವರದ ಆಚೆಯ ನಮ್ಮ ಬೋಳು ಬಯಲಿಗೆ ಬಂದು ಒಂದು ಚಳಿಗಾಲ ಕಳೆದರೆ ತಾನಾಗಿ ಬರುತ್ತಿತ್ತು.

ನಾನು ಅಲ್ಲಿ ಫೆಲ್ಡ್‌ಶರ್ ಆಗಿದ್ದೆ. ಎಂದರೆ ನರ್ಸಿಗಿಂತ ಒಂದು ಮೆಟ್ಟಿಲು ಮೇಲೆ, ಡಾಕ್ಟರಿಗಿಂತ ಒಂದು ಮೆಟ್ಟಿಲು ಕೆಳಗೆ, ಇಬ್ಬರ ಬೈಗುಳಕ್ಕೂ ಸಿಗುವ ಎತ್ತರದಲ್ಲಿ. ಹಾರುವ ಮುನ್ನ ಪೈಲಟ್‌ಗಳ ನಾಡಿ ನೋಡುವುದು, ರಕ್ತದೊತ್ತಡ ನೋಡುವುದು, ಬಾಯಿ ಮೂಸುವುದು ನನ್ನ ಕೆಲಸ. ಗಂಡ ರೋದಿಯೋನ್, ಎಲ್ಲರ ಬಾಯಲ್ಲಿ ರೋದ್ಯಾ, ವಿಮಾನದ ತಂತ್ರಜ್ಞ. ಅವನು ಸಿದ್ಧಪಡಿಸುತ್ತಿದ್ದ ವಿಮಾನವನ್ನು ಹಾರಿಸುತ್ತಿದ್ದವನು ಕ್ಯಾಪ್ಟನ್ ಗ್ಲೇಬ್ ತುಝೋವ್. ಗ್ಲೇಬ್‌ಗೆ ಹೆಂಡತಿ ಮಕ್ಕಳಿರಲಿಲ್ಲ. ಊಟ ನಮ್ಮ ಮನೆಯಲ್ಲಿ, ಜಗಳವೂ ನಮ್ಮ ಮನೆಯಲ್ಲಿ.

ಆ ವರ್ಷ ರೋದ್ಯಾನಿಗೆ ಕೊನೆಗೂ ಕ್ಯಾಪ್ಟನ್ ಪದವಿ ಬಂತು. ತಂತ್ರಜ್ಞರಿಗೆ ಭುಜಪಟ್ಟಿಯ ಮೇಲೆ ಕ್ಯಾಪ್ಟನ್‌ನ ನಾಲ್ಕನೆಯ ನಕ್ಷತ್ರ ಸಿಗುವ ಹೊತ್ತಿಗೆ ತಲೆಯಲ್ಲಿ ಕೂದಲು ಉಳಿದಿರುವುದಿಲ್ಲ. ಹೊಸ ನಕ್ಷತ್ರವನ್ನು ಲೋಟದ ತಳಕ್ಕೆ ಹಾಕಿ, ಮೇಲೆ ತುಂಬಿಸಿ, ಒಂದೇ ಗುಟುಕಿಗೆ ಕುಡಿದು, ನಕ್ಷತ್ರವನ್ನು ಹಲ್ಲಲ್ಲಿ ಹಿಡಿಯಬೇಕು. ಅಲ್ಲಿಯವರೆಗೆ ಪದವಿ ಬಂದಿದೆ ಎಂದು ಯಾರೂ ಒಪ್ಪುವುದಿಲ್ಲ. ಶನಿವಾರಕ್ಕೆ ಎಲ್ಲರನ್ನೂ ಕರೆದಿದ್ದೆವು.

ಗುರುವಾರ ಬೆಳಿಗ್ಗೆ ಗ್ಲೇಬ್ ನನ್ನ ಮುಂದೆ ಕೂತು ತೋಳು ಚಾಚಿದ.

“ಗಡ್ಡ ಬೋಳಿಸಿಲ್ಲ. ಹಂದಿ ಥರ ಕಾಣ್ತಿದ್ದೀಯ” ಎಂದೆ.

“ಹಾರೋಕ್ ಮುಂಚೆ ಯಾರಾದ್ರೂ ಬೋಳಿಸ್ಕೊಳ್ತಾರಾ ಕಾಪಾ? ಅಪಶಕುನ ಅಂತ ಗೊತ್ತಿದ್ದೂ ಕೇಳ್ತೀಯ.” ನನ್ನ ಹೆಸರು ಕಪಿತೋಲಿನಾ, ಪೂರ್ತಿ ಹೇಳುವಷ್ಟು ತಾಳ್ಮೆ ಅವನಿಗಿರಲಿಲ್ಲ. “ಶನಿವಾರ ಪೆಲ್ಮೆನಿ ಕಡುಬು ಜಾಸ್ತಿ ಮಾಡು. ಹೋದ ಸಲ ಸ್ಕ್ವಾಡ್ರನ್ ಕಮಾಂಡರ್ ಒಬ್ನೇ ಅರ್ಧ ತಿಂದ.”

“ತಿನ್ನೋಕೆ ಮಾಡ್ತೀನಪ್ಪ. ಕುಡಿಯೋಕೇನು ಗತಿ? ಅಂಗಡೀಲಿ ಒಂದು ಬಾಟ್ಲಿ ವೋಡ್ಕಾ ಇಲ್ಲ.”

“ಅದಕ್ಕೆ ನಾನಿಲ್ವಾ? ಇವತ್ತು ಸ್ವಿಚ್ ಮುಟ್ಟಲ್ಲ. ರೋದ್ಯಾನ ನಕ್ಷತ್ರ ಮುಳುಗಿದ್ರೆ ಅಪ್ಪಟದ್ರಲ್ಲೇ ಮುಳುಗ್ಬೇಕು.”

“ಮೋಡ ಕೆಳಗಿದೆ, ನೋಡ್ಕೊಂಡು ಹಾರು” ಎಂದೆ. ನಾಡಿ ಚೆನ್ನಾಗಿತ್ತು. ಕಳಿಸಿದೆ.

ಮಧ್ಯಾಹ್ನದ ಹೊತ್ತಿಗೆ ಮೋಡ ಇನ್ನಷ್ಟು ಕೆಳಗಿಳಿದಿತ್ತು. ಅದನ್ನು ಸೀಳಿಕೊಂಡು ಬರುವಾಗ ಗಾಜಿನ ಮೇಲೆ ಮಂಜುಗಡ್ಡೆ ಹಾಲಿನ ಕೆನೆಯ ಹಾಗೆ ಕಟ್ಟಿತು. ನೆಲ ಕಾಣಲಿಲ್ಲ. ವಿಮಾನ ಓಡುದಾರಿಯ ಅಂಚಿಗೆ ಬಿದ್ದು, ಒಂದು ಚಕ್ರ ಮುರಿದು, ಹಿಮದಲ್ಲಿ ಉಳುತ್ತಾ ಹೋಗಿ ನಿಂತಿತು. ಬೆಂಕಿ ಹತ್ತಲಿಲ್ಲ, ಪುಣ್ಯ. ನಾವು ಓಡಿಹೋಗಿ ಗ್ಲೇಬ್‌ನನ್ನು ಹಲಗೆಯ ಮೇಲೆ ಇಳಿಸಿದೆವು. ಎಚ್ಚರವಿತ್ತು. “ಏನೂ ಕಾಣ್ಲಿಲ್ಲ, ಕಾಪಾ” ಎಂದ. ಅವನನ್ನು ಪಟ್ಟಣದ ಸೇನಾ ಆಸ್ಪತ್ರೆಗೆ ಸಾಗಿಸಿದೆವು. ಕ್ರೇನ್ ಬರುವವರೆಗೆ ವಿಮಾನ ಕಾಯಲು ರೋದ್ಯಾ ಮತ್ತು ನಾಲ್ಕು ಜನ ಅಲ್ಲೇ ಉಳಿದರು.

ಮರುದಿನವೇ ತನಿಖೆಗೆ ಜನ ಬಂದರು. ಅವರ ಮುಖ್ಯಸ್ಥ ಮೇಜರ್ ಉಸೋಲ್ತ್ಸೆವ್, ಸದಾ ನೆಗಡಿಯಿಂದ ಮೂಗು ಒರೆಸಿಕೊಳ್ಳುವ ಮನುಷ್ಯ. ಕೆಲವು ವರ್ಷಗಳ ಹಿಂದೆ ಇದೇ ಬಗೆಯ ವಿಮಾನವನ್ನು ಒಬ್ಬ ಪೈಲಟ್ ಜಪಾನಿಗೆ ಹಾರಿಸಿಕೊಂಡು ಹೋಗಿದ್ದ. ಅಂದಿನಿಂದ ಒಂದು ಮೊಳೆ ಬಿದ್ದರೂ ಮಂಚದ ಕೆಳಗೆ ಇಣುಕಿ ನೋಡುವವರು ಇವರು. ಚಿಕ್ಕ ತೊಟ್ಟಿ ತೆರೆದು ನೋಡಿದರು. ಒಂದು ಹನಿ ಇರಲಿಲ್ಲ. ತೊಟ್ಟಿ ಖಾಲಿಯಿತ್ತಲ್ಲ ಎಂದು ಆಸ್ಪತ್ರೆಯಲ್ಲಿ ಗ್ಲೇಬ್‌ನನ್ನು ಕೇಳಿದರು. “ಸ್ವಿಚ್ ಒತ್ತಿದೆ, ಏನೂ ಬರಲಿಲ್ಲ” ಎಂದು ಹೇಳಿಕೆ ಕೊಟ್ಟ.

ಲೆಕ್ಕ ತಾಳೆಯಾಯಿತು. ತಂತ್ರಜ್ಞ ಖಾಲಿ ತೊಟ್ಟಿಯ ವಿಮಾನವನ್ನು ಆಕಾಶಕ್ಕೆ ಕಳಿಸಿದ್ದಾನೆ. ಪದವಿ ರದ್ದು, ಸೇನಾ ನ್ಯಾಯಾಲಯ, ಜೈಲು. ಉಸೋಲ್ತ್ಸೆವ್ ಮೂಗು ಒರೆಸಿಕೊಳ್ಳುತ್ತಾ ಇದನ್ನು ನನಗೆ ಹೇಳಿದಾಗ, ಗುರುವಾರ ಬೆಳಿಗ್ಗೆ ಗ್ಲೇಬ್ ನನ್ನ ಮುಂದೆ ಆಡಿದ ಮಾತನ್ನು ಅವನಿಗೆ ಹೇಳಿದೆ. ಅವನು ಪೆನ್ನು ಕೂಡ ಎತ್ತಲಿಲ್ಲ.

“ಕಪಿತೋಲಿನಾ ಯೆಗೋರೊವ್ನಾ, ನೀವು ಹೆಂಡತಿ. ಹೆಂಡತಿ ಇನ್ನೇನ್ ಹೇಳ್ತಾರೆ?”

ಮನೆಗೆ ಬಂದರೆ ರೋದ್ಯಾ ಅಡುಗೆಮನೆಯ ಸ್ಟೂಲಿನ ಮೇಲೆ ತಲೆ ಮೇಲೆ ಕೈ ಹೊತ್ತು ಕೂತಿದ್ದ.

“ತೊಟ್ಟಿ ತುಂಬಿಸಿದ್ಯಾ ಇಲ್ವಾ?”

“ಅಂಚಿನವರೆಗೆ ತುಂಬಿಸಿದ್ದೆ.”

“ಅವನು ಒತ್ತಿಲ್ಲ. ಹಾಗಿದ್ರೆ ಅದು ಅಲ್ಲೇ ಇರ್ಬೇಕಿತ್ತಲ್ಲ. ಎಲ್ಲಿ ಹೋಯ್ತು?”

ಅವನು ನನ್ನ ಮುಖ ನೋಡಲಿಲ್ಲ.

“ರೋದ್ಯಾ, ಎಲ್ಲಿ ಹೋಯ್ತು?”

“ಕುಡಿದ್ವಿ.”

ನಾನು ಕೋಟು ಬಿಚ್ಚುವುದನ್ನು ಅರ್ಧಕ್ಕೇ ಬಿಟ್ಟೆ.

“ಕ್ರೇನ್ ಬರಲಿಲ್ಲ ಕಾಪಾ. ಸಂಜೆ ಆಗ್ತಾ ಬಂತು. ಕಾಲು ಮರಗಟ್ಟಿ ಹೋಗಿತ್ತು. ಗ್ಲೇಬ್ ಬದುಕ್ತಾನೋ ಇಲ್ವೋ ಗೊತ್ತಿರ್ಲಿಲ್ಲ. ಯಾರೋ ಲೋಟ ಹಿಡಿದ್ರು, ನಾನು ನಲ್ಲಿ ತಿರುಗಿಸ್ದೆ. ನನ್ನ ಕೈಯಾರೆ. ಯೋಚ್ನೆನೇ ಮಾಡ್ಲಿಲ್ಲ, ದಿನಾ ಮಾಡೋ ಕೆಲ್ಸ ತಾನೇ. ತೊಟ್ಟಿ ತುಂಬಿತ್ತು ಅನ್ನೋದಕ್ಕೆ ಇದ್ದಿದ್ದು ಅದೊಂದೇ ಸಾಕ್ಷಿ. ಅದನ್ನ ಉಪ್ಪಿನಕಾಯಿ ಕೂಡ ಇಲ್ಲದೆ ಕುಡಿದ್ವಿ.”

“ಹಾಗಂತ ಹೇಳು! ಮಿಕ್ಕ ನಾಲ್ಕು ಜನ ಇದ್ರಲ್ಲ!”

“ಅಪಘಾತ ಆದ ವಿಮಾನದಿಂದ ಕದ್ದು ಕುಡಿದ್ವಿ ಅಂತ ಯಾರು ಒಪ್ಕೋತಾರೆ? ಅವರಿಗೂ ಮಕ್ಕಳಿದ್ದಾರೆ. ನಾನೊಬ್ಬನೇ ಹೇಳಿದ್ರೆ ತಪ್ಪಿಸ್ಕೊಳ್ಳೋಕೆ ಕಥೆ ಕಟ್ತಿದ್ದಾನೆ ಅಂತಾರೆ. ಗ್ಲೇಬ್ ಒತ್ತಿಲ್ಲ ಅಂತ ಗ್ಲೇಬೇ ಹೇಳ್ಬೇಕು.”

ಬೈಯಬೇಕೆಂದು ಬಾಯಿ ತೆರೆದೆ. ಬೈಗುಳ ಬರಲಿಲ್ಲ, ಬರೀ ಸುಸ್ತು ಬಂತು. ಇಷ್ಟು ವರ್ಷ ಈ ಗಂಡಸರ ನಾಡಿ ನೋಡಿದ್ದೇನೆ, ಮೆದುಳನ್ನು ನೋಡುವ ಉಪಕರಣ ಯಾರೂ ಕೊಡಲಿಲ್ಲ. ಮಾಡಿಟ್ಟಿದ್ದ ಪೆಲ್ಮೆನಿಯನ್ನು ಚೀಲಕ್ಕೆ ಸುರಿದು ಕೆಡದಿರಲೆಂದು ಕಿಟಕಿಯ ಹೊರಗಿನ ಚಳಿಗೆ ನೇತುಹಾಕಿದೆ. ಶನಿವಾರ ಯಾರೂ ಬರುವುದಿಲ್ಲವೆಂದು ಇಬ್ಬರಿಗೂ ಗೊತ್ತಿತ್ತು.

ಮರುದಿನ ರೈಲು ಹತ್ತಿದೆ.

ಆಸ್ಪತ್ರೆಯ ವಾರ್ಡಿನ ಹಿರಿಯ ನರ್ಸ್ ಫೈನಾ ನನ್ನ ಜೊತೆ ಓದಿದವಳು. ನನ್ನ ಕೋಟು ತೆಗೆದುಕೊಂಡು ಬಿಳಿ ನಿಲುವಂಗಿ ಕೊಡುವ ನೆವದಲ್ಲಿ ಮೂಲೆಗೆ ಎಳೆದಳು.

“ಬೆನ್ನುಹುರಿ ಹೋಗಿದೆ ಕಣೇ. ಸೊಂಟದ ಕೆಳಗೆ ಏನೂ ಇಲ್ಲ. ಅವನಿಗೆ ಹೇಳಿಲ್ಲ. ಊತ ಇಳಿದ್ಮೇಲೆ ಸರಿಹೋಗುತ್ತೆ ಅಂತ ಡಾಕ್ಟ್ರು ಹೇಳಿದ್ದಾರೆ. ನೀನೂ ಹಾಗೇ ಹೇಳು.”

ನಮ್ಮಲ್ಲಿ ರೋಗಿಗೆ ನಿಜ ಹೇಳುವ ಪದ್ಧತಿಯಿಲ್ಲ. ಸಂಬಂಧಿಕರಿಗೆ ಹೇಳುತ್ತಾರೆ, ಗ್ಲೇಬ್‌ಗೆ ಆ ಸಂಬಂಧಿಕರೂ ಇರಲಿಲ್ಲ. ನಾನೂ ಎಷ್ಟೋ ಜನರಿಗೆ ಸರಿಹೋಗುತ್ತದೆ ಎಂದು ಹೇಳಿದವಳೇ. ಒಳಗೆ ಹೋಗುವಾಗ ನನ್ನ ಗಂಡನನ್ನು ಉಳಿಸಬಲ್ಲ ಒಂದೇ ಒಂದು ಮಾತು, ನೀನಿನ್ನು ಹಾರಲಾರೆ ಎಂಬ ಮಾತು, ನನ್ನ ಬಾಯಲ್ಲಿತ್ತು, ಅದನ್ನು ಆಡುವುದು ನನ್ನಿಂದಾಗದು ಎಂದೂ ಗೊತ್ತಿತ್ತು.

ಗ್ಲೇಬ್‌ನ ಗಡ್ಡ ಬೋಳಿಸಿದ್ದರು. ಹಾಗಾಗಿ ಇನ್ನಷ್ಟು ಚಿಕ್ಕವನಾಗಿ ಕಾಣುತ್ತಿದ್ದ. ನಾನು ಮಂಚದ ತುದಿಯಲ್ಲಿ ಅವನ ಕಾಲ ಬಳಿ ಕೂತೆ.

“ರೋದ್ಯಾನ್ನ ಒಳಗೆ ಹಾಕ್ತಾರೆ, ಗ್ಲೇಬ್.”

“ಗೊತ್ತು.”

“ಒತ್ತಲಿಲ್ಲ ಅಂತ ಹೇಳು.”

“ಹೇಳಿದ್ರೆ ಏನಾಗುತ್ತೆ ಗೊತ್ತಾ? ಕುಡಿತದ ಆಸೆಗೆ ವಿಮಾನ ಕೆಡವಿದ ಅಂತ ಬರೀತಾರೆ. ಆಮೇಲೆ ಹೊಲಕ್ಕೆ ಗೊಬ್ಬರ ಹಾಕೋ ವಿಮಾನಾನೂ ಕೊಡಲ್ಲ. ರೋದ್ಯಾಗೆ ಎಷ್ಟು, ಎರಡು ವರ್ಷನಾ? ಎರಡು ವರ್ಷ ಆದ್ಮೇಲೆ ಬರ್ತಾನೆ, ಎಲ್ಲಾದ್ರೂ ಟ್ರ್ಯಾಕ್ಟರ್ ರಿಪೇರಿ ಮಾಡ್ಕೊಂಡು ಇರ್ತಾನೆ. ನನ್ನ ಕೈಯಿಂದ ಆಕಾಶ ಹೋದ್ರೆ ವಾಪಸ್ ಬರಲ್ಲ ಕಾಪಾ.”

“ನಾಚಿಕೆ ಆಗಲ್ವಾ ನಿಂಗೆ?”

“ಆಗುತ್ತೆ. ರಾತ್ರಿಯೆಲ್ಲಾ ಆಗುತ್ತೆ. ಬೆಳಿಗ್ಗೆ ಎದ್ದು ಇನ್ನೂ ಎಷ್ಟು ದಿನಕ್ಕೆ ನಡೀತೀನಿ ಅಂತ ಲೆಕ್ಕ ಹಾಕ್ತೀನಿ.”

ನನ್ನ ಕೋಪ ನೆತ್ತಿಗೇರಿತು. ಯಾರ ನಕ್ಷತ್ರಕ್ಕೆಂದು ಸ್ವಿಚ್ ಬಿಟ್ಟನೋ ಅವನನ್ನೇ ಜೈಲಿಗೆ ಕಳಿಸುತ್ತಿದ್ದಾನೆ. ಅವನು ಯಾರೆಂಬುದನ್ನೇ ನಾನು ಮರೆತೆ, ಅವನಿಗೇನಾಗಿದೆ ಎಂಬುದನ್ನೂ ಮರೆತೆ. “ಏಳು ವರ್ಷ ನನ್ನ ಕೈಯ ಸೂಪು ಕುಡಿದಿದ್ದೀಯಲ್ಲೋ!” ಎಂದು ಕೂಗಾಡಿದೆ. “ನಿನ್ನ ಕಾಲುಚೀಲಾನೂ ನಾನೇ ಹೊಲಿದಿದ್ದೀನಿ. ಅವನು ನಿನಗೋಸ್ಕರ ಚಳೀಲಿ ನಿಂತು ನಿಂತು ಬೆರಳು ಕೊಳೆಸ್ಕೊಂಡ. ಟ್ರ್ಯಾಕ್ಟರ್ ರಿಪೇರಿ ಮಾಡ್ಕೊಂಡು ಇರ್ಲಿ ಅಂತೀಯಾ?” ನಾನು ಇನ್ನೂ ಏನೇನೋ ಅಂದೆ. ಅನ್ನುತ್ತಾ ಅನ್ನುತ್ತಾ ಅವನ ನೋಟ ನನ್ನ ಮುಖದಿಂದ ಕೆಳಗಿಳಿದದ್ದು ನೋಡಿ ಮಾತು ನಿಲ್ಲಿಸಿದೆ.

“ಕಾಪಾ” ಎಂದ. “ನಿನ್ನ ಕೈ ಎಲ್ಲಿದೆ?”

ನನ್ನ ಕೈ ಅವನ ಪಾದದ ಮೇಲಿತ್ತು. ಹೊದಿಕೆ ಸರಿಸಿ, ಹಠ ಮಾಡುವ ಮಗುವನ್ನು ಹಿಡಿದು ಅಲುಗಾಡಿಸುವಂತೆ, ಯಾವಾಗಿನಿಂದಲೋ ಅವನ ಪಾದವನ್ನು ಹಿಡಿದು ಅಲುಗಾಡಿಸುತ್ತಿದ್ದೆ. ಉಗುರಿನ ಗುರುತುಗಳು ಕೆಂಪಗೆ ಮೂಡಿದ್ದವು.

ತೆಗೆಯಲು ಹೋದೆ.

“ತೆಗೀಬೇಡ. ಒತ್ತು.”

ಒತ್ತಿದೆ.

“ಒತ್ತಿದ್ಯಾ?”

“ಹೂಂ.”

“ಜೋರಾಗಿ ಒತ್ತು.”

ನನ್ನಲ್ಲಿದ್ದ ಬಲವೆಲ್ಲ ಹಾಕಿ ಒತ್ತಿದೆ. ಅವನು ನನ್ನ ಬೆರಳುಗಳನ್ನೇ ನೋಡುತ್ತಿದ್ದ. ಬೇರೆ ಯಾರದೋ ಕಾಲನ್ನು ಮತ್ಯಾರೋ ಹಿಡಿದದ್ದನ್ನು ನೋಡುವವನಂತಿದ್ದ.

“ಊತ ಅಂದಿದ್ರು” ಎಂದ.

ಸರಿಹೋಗುತ್ತದೆ ಎಂಬ ಮಾತು ಎಷ್ಟು ಸಲ ಎಷ್ಟು ಸಲೀಸಾಗಿ ನನ್ನ ಬಾಯಿಂದ ಬಂದಿದೆ. ಆಗ ಬರಲಿಲ್ಲ.

“ಫೈನಾಗೆ ಗೊತ್ತಾ?”

“ಗೊತ್ತು.”

“ನಿಂಗೆ?”

“ಒಳಗೆ ಬರೋವಾಗ ಗೊತ್ತಾಯ್ತು.”

“ಗೊತ್ತಿದ್ದೂ ಹೇಳ್ಲಿಲ್ಲ.” ಅದು ಬೈಗುಳವೋ ಕೃತಜ್ಞತೆಯೋ ನನಗೆ ಈಗಲೂ ತಿಳಿಯದು. ಅವನು ತಲೆಯನ್ನು ದಿಂಬಿಗೆ ಒರಗಿಸಿದ. “ಆ ಮೂಗಿನ ಮೇಜರ್ ಯಾವಾಗ ಬರ್ತಾನೆ?”

“ಸೋಮವಾರ.”

“ಇವತ್ತೇ ಬರೋಕೆ ಹೇಳು. ಸೋಮವಾರದವರೆಗೆ ಬಿಟ್ರೆ ನಾನು ಮತ್ತೆ ಆಸೆ ಪಡ್ತೀನಿ. ಒತ್ತಲಿಲ್ಲ ಅಂತ ಬರೆದುಕೊಡ್ತೀನಿ. ಯಾಕೆ ಒತ್ತಲಿಲ್ಲ ಅನ್ನೋದನ್ನೂ ಬರೀತೀನಿ.”

ನಾನು ಏಳಲು ಹೊರಟೆ. ಫೋನು ಕೆಳಗಿನ ಮಹಡಿಯಲ್ಲಿತ್ತು. ನನ್ನ ಗಂಡ ಉಳಿದ, ಎದ್ದು ಓಡಬೇಕಿತ್ತು.

“ಐದು ನಿಮಿಷ ಬಿಟ್ಟು ಹೋಗು” ಎಂದು ಕಣ್ಣು ಮುಚ್ಚಿದ. “ಅಲ್ಲಿವರೆಗೆ ಹಾಗೇ ಹಿಡ್ಕೊಂಡಿರು.”

ಕೂತೆ. ಹೊರಗೆ ಕಾರಿಡಾರಿನಲ್ಲಿ ಯಾರೋ ನೆಲ ಒರೆಸುತ್ತಿದ್ದರು. ನನಗೆ ಅಳು ಒತ್ತರಿಸಿ ಬಂತು. ಸದ್ದಾಗಬಾರದೆಂದು ಎರಡೂ ಕೈಗಳಿಂದ ಮುಖ ಮುಚ್ಚಿಕೊಂಡೆ.

“ಕಾಪಾ, ಹಿಡ್ಕೊಂಡಿದ್ದೀಯಾ?”

“ಹಿಡ್ಕೊಂಡಿದ್ದೀನಿ ಕಣೋ” ಎಂದೆ.